ಏಳು ವಸ್ತಿ, ಎಂಟು ಮಿನಿಟು

ಶ್ರಾವಣದ ಮೊದಲ ಸೋಮವಾರ ಉಮರ್ಗಾದ ಪಾರ್ಸಲ್ ಗೋದಾಮಿನಲ್ಲಿ ಅಂಬಾದಾಸನ ಐಡಿ ಬಂದ್ ಮಾಡಿದರು. ಅದಕ್ಕೂ ಹತ್ತು ದಿನ ಮೊದಲು, ತುರೋರಿ ಆಚೆ ಹೊಲಗಳ ನಡುವಿನ ಏಳು ವಸ್ತಿಗಳಿಗೆ ಹೋಗಬೇಕಿದ್ದ ಮೂವತ್ತೊಂದು ಪಾರ್ಸಲ್‌ಗಳಿಗೆ ‘ಗಿರಾಕಿ ಮನೆಯಲ್ಲಿಲ್ಲ’ ಎಂದು ಗುರುತು ಹೊಡೆದವನು ಕಂಪನಿಯ ಗುತ್ತಿಗೆ ಹಿಡಿದ ಗೋದಾಮಿನ ಯಜಮಾನ ಪಂಕಜಶೇಟ. ಹೊಡೆದದ್ದು ಅಂಬಾದಾಸನ ಫೋನಿನಲ್ಲಿ. ಗಿರಾಕಿಗಳು ತಕರಾರು ಮಾಡಿದಾಗ ಕಂಪನಿ ಹಿಡಿದದ್ದು ಅಂಬಾದಾಸನನ್ನು.

ಮನೆಗೆ ಬಂದವನು ಇದ್ಯಾವುದನ್ನೂ ಹೇಳಲಿಲ್ಲ. ಬೆನ್ನಿನ ದೊಡ್ಡ ಚೀಲ ಇಳಿಸಿ ಗೂಟಕ್ಕೆ ತಗುಲಿಹಾಕಿ, ಕೈಕಾಲು ತೊಳೆಯದೆ ಹೊರಸಿನ ಮೇಲೆ ಕುಳಿತ.

“ರೊಟ್ಟಿ ಬಿಸಿ ಅವ, ಕೂಡು” ಎಂದಳು ತಾಯಿ ಮಲಕಮ್ಮ, ಒಲೆಯ ಮುಂದಿನಿಂದಲೇ.

“ಹಸಿವಿಲ್ಲವ್ವಾ.”

“ಹಸಿವಿಲ್ಲಂದ್ರ ಉಮರ್ಗಾದಾಗ ಭಜಿ ತಿಂದಿ, ಇಲ್ಲಾ ಬೈಸ್ಕೊಂಡಿ. ಯಾವ್ದು?”

“ಐಡಿ ಬಂದ್ ಆತು.”

ಐಡಿ ಎಂದರೇನೆಂದು ಮಲಕಮ್ಮನಿಗೆ ಮೂರು ವರ್ಷದಲ್ಲಿ ಚೆನ್ನಾಗಿ ತಿಳಿದಿತ್ತು. ಅದಿದ್ದರೆ ಬೆಳಿಗ್ಗೆ ಗೋದಾಮಿನಲ್ಲಿ ಚೀಲ ತುಂಬುತ್ತಾರೆ, ಇಲ್ಲದಿದ್ದರೆ ಬಾಗಿಲಲ್ಲೇ ನಿಲ್ಲಿಸುತ್ತಾರೆ. ಮುಟ್ಟಿಸಿದ ಪಾರ್ಸಲಿಗೆ ಹದಿನಾಲ್ಕು ರೂಪಾಯಿ, ಮುಟ್ಟದೆ ವಾಪಸಾದದ್ದಕ್ಕೆ ಸೊನ್ನೆ. ಪೆಟ್ರೋಲು, ಪಂಕ್ಚರು, ಬಿದ್ದರೆ ಮೊಣಕಾಲಿನ ಪಟ್ಟಿ, ಎಲ್ಲ ಮನೆಯದೇ. ಪೇಟೆಯಲ್ಲಾದರೆ ಒಂದೇ ಓಣಿಯಲ್ಲಿ ಹತ್ತು ಗಿರಾಕಿ ಸಿಗುತ್ತಾರೆ. ವಸ್ತಿಗಳಲ್ಲಿ ಒಂದು ಮನೆಗೂ ಇನ್ನೊಂದು ಮನೆಗೂ ನಡುವೆ ಎರಡು ಹೊಲ, ಒಂದು ಹಳ್ಳ. ಒಂದು ಹಣಿಗೆ ಮುಟ್ಟಿಸಲು ಅಂಬಾದಾಸ ಹನ್ನೊಂದು ಕಿಲೋಮೀಟರ್ ಹೋಗಿಬಂದ ದಿನವೂ ಇತ್ತು. ಆ ಹಣಿಗೆ ಮುಂಬಯಿಯಿಂದ ಉಮರ್ಗಾದವರೆಗೆ ಲಾರಿಯಲ್ಲಿ ಬರಲು ತಗಲಿದ ಖರ್ಚಿಗಿಂತ ಉಮರ್ಗಾದಿಂದ ಬಾಗಿಲಿಗೆ ಬರಲು ಸುಟ್ಟ ಪೆಟ್ರೋಲೇ ಹೆಚ್ಚು. ಲಾರಿಯ ಖರ್ಚು ಕಂಪನಿಯದು. ಬಾಗಿಲಿನ ಖರ್ಚು ಮಲಕಮ್ಮನ ಮನೆಯದು.

“ಯಾಕ ಬಂದ್ ಮಾಡ್ಯಾರ?” ಎಂದು ಕೇಳಿದ ತಂದೆ ರೇವಣಸಿದ್ಧ. ಮುದುಕನ ತೊಡೆಯ ಮೇಲೆ ಕುರಿಮರಿಯೊಂದು ಮಲಗಿತ್ತು. ಅದರ ಗೊರಸಿನ ಮುಳ್ಳು ತೆಗೆಯುತ್ತಿದ್ದ.

“ಹೋಗದೇನೇ ಹೋಗೀನಂತ ಸುಳ್ಳ ಹೊಡದೀನಂತ.”

“ಹೊಡದೀ ಏನು?”

ಅಂಬಾದಾಸ ಎದ್ದು ಹೊರಗೆ ಹೋದ. ಅವನ ಹೆಂಡತಿ ಶೀತಲ ತಂದಿಟ್ಟ ನೀರಿನ ತಂಬಿಗೆ ಹಾಗೇ ಉಳಿಯಿತು.

ನಾಲ್ಕು ದಿನಕ್ಕೆ ಆ ಮಾತು ವಸ್ತಿಗಳನ್ನು ಸುತ್ತಿ ಮನೆಗೇ ಬಂತು. ಹಿಂಗಾರಿ ಜೋಳಕ್ಕೆಂದು ಬಿಟ್ಟ ಹೊಲಗಳಲ್ಲಿ ಕುರಿ ಕೂಡಿಸುವ ದಿನಗಳು ಅವು. ರೇವಣಸಿದ್ಧನ ನಲವತ್ತು ಕುರಿಗಳು ಒಂದೊಂದು ಹೊಲದಲ್ಲಿ ವಾರವಿಡೀ ಮಲಗಿ ಗೊಬ್ಬರ ಕೊಡುತ್ತಿದ್ದವು. ಹೊಲದವರು ಅದಕ್ಕೆ ಜೋಳ ಅಳೆದು ಕೊಡುತ್ತಿದ್ದರು. ಈ ಸಲ ಅಮೃತಪ್ಪ ಎಂಬ ರೈತ ತನ್ನ ಬದುವಿನಿಂದಲೇ ಹಿಂಡನ್ನು ಹಿಂದಕ್ಕೆ ಅಟ್ಟಿದ್ದ.

“ಮಗಳ ಸಾಲಿ ಪುಸ್ತಕ ವಾಪಸ್ ಹೋದ್ವಂತ” ಎಂದ ರೇವಣಸಿದ್ಧ, ತಾಟಿನ ಮುಂದೆ ಕುಳಿತು. “‘ನಿನ್ನ ಮಗ ಸುಳ್ಳ, ನಾಳಿ ನಿನ್ನ ಕುರಿ ಲೆಕ್ಕನೂ ಸುಳ್ಳ’ ಅಂದ. ಐವತ್ತ ವರ್ಸದಾಗ ಯಾರೂ ಹಂಗ ಅಂದಿದ್ದಿಲ್ಲ.”

ಪುಂಡಿಪಲ್ಯ ಬಡಿಸುತ್ತಿದ್ದ ಶೀತಲ ಕೈ ನಿಲ್ಲಿಸಿದಳು. “ಮಾಮಾ, ನನ್ನ ಹೆಸರ್ಲೆ ಐಡಿ ತಗೀತೀನಿ. ಅದೇ ವಸ್ತಿಗಳಿಗೆ ನಾನೇ ಹೋಗ್ತೀನಿ.”

“ಸೊಸಿ ಮಂದಿ ಬಾಗಲಿಗೆ ಗಾಡಿ ಹೊಡಕೊಂಡ ಹೋಗೋದಾ? ಮನಿತನಾ ಏನಾಗಬೇಕು?”

“ಮನಿತನಾ ಅಮೃತಪ್ಪನ ಬದುವಿನ ಮ್ಯಾಲ ಬಿದ್ದದ” ಎಂದಳು ಮಲಕಮ್ಮ. “ಹೋಗಿ ತಗೊಂಡ ಬರ್ಲಿ ಬಿಡ್ರಿ.”

“ಐಡಿ ನನ್ನದಾದ್ರೂ ಗಾಡಿ ನೀವೇ ಹೊಡೀಬಹುದಲ್ಲ” ಎಂದು ಶೀತಲ ಗಂಡನನ್ನು ಕೆಣಕಿದಳು.

“ದಿನಾ ಮುಂಜಾನಿ ಫೋನಿಗಿ ಮಾರಿ ತೋರಸಬೇಕು. ನಿನ್ನ ಮಾರಿ ನಾ ಎಲ್ಲಿಂದ ತರ್ಲಿ?”

ನಿಲಂಗಾದ ತವರಿನಿಂದ ಶೀತಲಳ ಅಪ್ಪನ ಹಳೆಯ ಸ್ಕೂಟಿ ಬಂತು. ಕಾಲೇಜಿಗೆ ಅದನ್ನೇ ಹೊಡೆದವಳು ಆಕೆ. ಪಂಕಜಶೇಟ ಮೊದಲು ನಕ್ಕ, ಆಮೇಲೆ ಐಡಿ ಕೊಟ್ಟ. ಅವನಿಗೂ ಗತಿ ಇರಲಿಲ್ಲ. ಆ ಏಳು ವಸ್ತಿಯ ಚೀಲವನ್ನು ಉಳಿದ ಹುಡುಗರ್ಯಾರೂ ಮುಟ್ಟುತ್ತಿರಲಿಲ್ಲ. ಅಂಬಾದಾಸ ಉಮರ್ಗಾದ ಕಾಳಿನ ಅಡತಿಯಲ್ಲಿ ಮೂಟೆ ಹೊರಲು ಹೋದ.

ಮೊದಲ ದಿನ ಶೀತಲ ಹತ್ತೊಂಬತ್ತು ಒಯ್ದು ಹನ್ನೆರಡು ವಾಪಸ್ ತಂದಳು. ಅಳುವೊಂದು ಬಾಕಿ. ಮಲಕಮ್ಮ ಹಿಟ್ಟು ನಾದುತ್ತ, “ಓದು, ಕೇಳ್ತೀನಿ” ಎಂದಳು.

“‘ಸುಮಿತ್ರಾಬಾಯಿ, ಬೀರಪ್ಪನ ಗುಡಿ ಹತ್ತಿರ, ತುರೋರಿ.’ ಇಷ್ಟೇ ಅದ. ಫೋನಿನ ನಕಾಶೆ ಕೆರಿ ನಡುವ ತೋರಸ್ತದ.”

“ಯಾವ ಸುಮಿತ್ರಾಬಾಯಿ? ಗಿಡ್ಡಾಕಿ ಏನ್ ಎತ್ತರದಾಕಿ?”

“ಪಾರ್ಸಲ್ ಮ್ಯಾಲ ಅದು ಬರ್ದಿಲ್ಲ, ಅತ್ತಿ.”

“ಏನ್ ತರಿಸ್ಯಾಳ?”

“ಸಣ್ಣ ಹುಡುಗೂರ ರೇನ್‌ಕೋಟ್, ಎರಡು.”

“ಹಂಗಾದ್ರ ಎತ್ತರದಾಕಿ. ಗಿಡ್ಡಾಕಿ ಮಕ್ಕಳು ದೊಡ್ಡವರಾಗಿ ಪುಣೆ ಸೇರ್ಯಾರ. ಎರಡ ಬಾವಿ ಹೊಲ ಆಕಿದು. ಮೂರ ವರ್ಸದ ಹಿಂದ ಹದಿನೈದ ದಿನ ಅಲ್ಲೇ ಕುರಿ ಕೂಡಿಸಿದ್ವಿ. ಬಾವಿ ದಾಟಿ ಹುಣಸಿಗಿಡ, ಅದರ ಎಡಕ್ಕ. ಮುಂದಿಂದು ಓದು.”

ಹನ್ನೆರಡರಲ್ಲಿ ಹನ್ನೊಂದು ಮನೆಯನ್ನು ಮಲಕಮ್ಮ ಹಿಟ್ಟಿನ ಕೈ ತೊಳೆಯುವುದರೊಳಗೆ ಹೇಳಿ ಮುಗಿಸಿದಳು. ಹನ್ನೆರಡನೆಯವಳು ಹೊಸ ಸೊಸೆ. ಕುರಿ ಕಂಡಿರದ ಹೆಸರು.

“ನಾಳೆ ನೀವೂ ಬರ್ರಿ” ಎಂದಳು ಶೀತಲ.

“ಎಲ್ಲಿ ಕೂಡ್ಲಿ? ನಿನ್ನ ತಲಿ ಮ್ಯಾಲೇನು?”

“ಹಿಂದ. ಚೀಲ ತೊಡಿ ಮ್ಯಾಲ ಇಟ್ಕೊಂಡು.”

ಹಾಗೆ ಅರವತ್ತೆರಡರ ಮಲಕಮ್ಮ ಕಚ್ಚೆ ಬಿಗಿದು ಸ್ಕೂಟಿಯ ಮೇಲೆ ಎರಡು ಕಡೆ ಕಾಲು ಹಾಕಿ ಕುಳಿತಳು. ಹೆದ್ದಾರಿಯ ಚಹಾದಂಗಡಿಯವರು ಎದ್ದುನಿಂತು ನೋಡಿದರು. “ಏನ್ ನೋಡ್ತೀರೋ, ಚಹಾ ಉಕ್ಕಲಿಕತ್ತದ!” ಎಂದು ಆಕೆ ಕೂಗಿದ್ದು ಊರ ಕೊನೆಯವರೆಗೆ ಕೇಳಿತು.

ಫೋನಿನ ನಕಾಶೆ ಹಳ್ಳವನ್ನು ಐದು ಸಲ ದಾಟಿಸುತ್ತಿತ್ತು. ಮಲಕಮ್ಮ ಅದರ ಬಾಯಿ ಮುಚ್ಚಿಸಿದಳು. ಕುರಿ ಹೋಗುವ ದಾರಿ ಬೇರೆ: ದಿಣ್ಣೆಯ ಬೆನ್ನು ಹಿಡಿದು ಬೇವಿನ ವಸ್ತಿಯಿಂದ ಸುತ್ತು ಹಾಕಿದರೆ ಹಳ್ಳ ಒಮ್ಮೆ ಮಾತ್ರ ಅಡ್ಡ ಬರುತ್ತದೆ. ಅರ್ಧ ಪೆಟ್ರೋಲು ಉಳಿಯಿತು. ಎರಡನೆಯ ವಾರಕ್ಕೆ ಶೀತಲಳ ಚೀಲ ಖಾಲಿಯಾಗಿ ವಾಪಸಾಗತೊಡಗಿತು.

ಮನೆಯಲ್ಲಿ ರೊಟ್ಟಿ ಬಡಿಯುವುದು ಮಾತ್ರ ರೇವಣಸಿದ್ಧನ ಪಾಲಿಗೆ ಬಿತ್ತು.

“ಇದೇನ್ ರೊಟ್ಟಿಯೋ ಮಹಾರಾಷ್ಟ್ರದ ನಕಾಶೆಯೋ?” ಎಂದಳು ಮಲಕಮ್ಮ ಒಂದು ಸಂಜೆ.

“ನಕಾಶೆ ಇದ್ರ ಛಲೋ ಆತಲ್ಲ. ನಿಮ್ಮ ದಂಧೆಕ್ಕ ಉಪಯೋಗ ಆಗ್ತದ.”

ಅಂಬಾದಾಸ ನಗಲಿಲ್ಲ. ಉಂಡ ತಾಟು ತಾನೇ ತೊಳೆದಿಟ್ಟು ಹೊರಗೆ ಹೋದ.

ಆ ವಾರವೇ ಮಲಕಮ್ಮ ಒಂದು ತಪ್ಪು ಮಾಡಿದಳು. ಬೇವಿನ ವಸ್ತಿಯ ಬಂಡಮ್ಮನಿಗೆ ಕುಕ್ಕರ್ ಬಂದಿತ್ತು. ಕೈಗೆ ಕೊಟ್ಟು ರೊಕ್ಕ ಇಸಿದುಕೊಳ್ಳುವ ಪಾರ್ಸಲ್ಲು. ಶೀತಲ ಆಚೆ ಮನೆಗೆ ಹೋಗಿದ್ದಳು. ಬಂಡಮ್ಮನ ಹತ್ತಿರ ರೊಕ್ಕ ಇರಲಿಲ್ಲ. ಮಲಕಮ್ಮ ನಲವತ್ತು ವರ್ಷ ಈ ಅಂಗಳದಲ್ಲಿ ಏನು ಮಾಡಿದ್ದಳೋ ಅದನ್ನೇ ಮಾಡಿದಳು: ಸೆರಗು ಹಿಡಿದು ಜೋಳ ಅಳೆಸಿಕೊಂಡಳು, ಚೀಲಕ್ಕೆ ಸುರಿದಳು, ಕುಕ್ಕರ್ ಕೊಟ್ಟಳು.

ಗೋದಾಮಿನಲ್ಲಿ ಚೀಲ ಬಿಚ್ಚಿದಾಗ ಮೇಜಿನ ಮೇಲೆ ಜೋಳ ಉರುಳಿತು.

“ಮಾವಶಿ, ಕಂಪನಿ ರೊಟ್ಟಿ ತಿಂತದೇನು?” ಎಂದ ಪಂಕಜಶೇಟ.

“ಮಂದೀದು ಅನ್ನ ತಿಂತದ. ರೊಟ್ಟಿಗಿ ಏನ್ ಆಗ್ಯಾದ?”

ಹುಡುಗರೆಲ್ಲ ನಕ್ಕರು. ಅವರಲ್ಲಿ ಹಿರಿಯನಾದ ಬಾಳು ಬಿದ್ದ ಕಾಳುಗಳನ್ನು ಆರಿಸಿಕೊಟ್ಟ. ಶೇಟ ನಗಲಿಲ್ಲ. “ನಾಳಿ ಹತ್ತ ಗಂಟಿ ಒಳಗ ರೊಕ್ಕ ತುಂಬ್ರಿ. ಇಲ್ಲಾಂದ್ರ ಈ ಐಡಿನೂ ಬಂದ್.”

ಮನೆ ಮುಟ್ಟಿದ್ದೇ ಶೀತಲ ಸಿಡಿದಳು. “ಅತ್ತಿ, ನನಗ ಒಂದ ಮಾತ ಕೇಳ್ಬೇಕಂತ ಅನಸ್ಲಿಲ್ಲಾ?”

“ಕೊಟ್ಟಿದ್ದು ಜ್ವಾಳ. ಕಲ್ಲಲ್ಲ.”

“ಶೇಟನ ಮಷೀನಿಗಿ ಜ್ವಾಳ ತಿಳೀತದೇನು?”

“ತಿಳೀದಿದ್ರ ಅದಕ್ಯಾಕ ಅಷ್ಟ ದೊಡ್ಡ ಮಷೀನು?”

ಅಂಬಾದಾಸನಿಗೆ ನಗು ತಡೆಯಲಾಗಲಿಲ್ಲ. ಮೂರು ವಾರದಲ್ಲಿ ಅವನು ನಕ್ಕದ್ದು ಅದೇ ಮೊದಲು. ಅವನನ್ನು ನೋಡಿ ಶೀತಲಳೂ ನಕ್ಕಳು. ಜಗಳ ಅಲ್ಲಿಗೇ ಮುಗಿಯಿತು.

ಬೆಳಗಾಗುತ್ತಲೇ ಅತ್ತೆ-ಸೊಸೆ ಜೋಳದ ಗಂಟು ಸಮೇತ ಬೇವಿನ ವಸ್ತಿಗೆ ಹೋದರು. ಬಂಡಮ್ಮನಿಗೆ ಸಿಟ್ಟು ಬಂತು. “ನನ್ನ ಜ್ವಾಳಕ್ಕ ಹುಳ ಹತ್ತ್ಯಾವೇನ? ಹಿಂದಿನ ಸಲದಂಗ ಇದೂ ವಾಪಸ್ ಹೋಗಬಾರ್ದಂತ, ಇದ್ದದ್ದು ಅಳದ ಕೊಟ್ಟೀನಿ.”

“ಹಿಂದಿನ ಸಲ ಏನಾಗಿತ್ತು?” ಎಂದಳು ಶೀತಲ.

“ನಿನ್ನ ಗಂಡನ್ನ ಕೇಳು! ‘ಬಂದಿದ್ವಿ, ನೀವು ಮನಿಯಾಗ ಇದ್ದಿಲ್ಲ’ ಅಂತ ಫೋನಿನ್ಯಾಗ ಬಂತು. ಆ ದಿನ ನನ್ನ ಸೊಸಿ ಹಡದಿದ್ಲು. ಮನಿಯಾಗ ಹದಿನಾಲ್ಕ ಮಂದಿ ಇದ್ವಿ, ಒಂದ ಕೂಸು ಹೆಚ್ಚಿಗಿ. ಯಾರೂ ಇದ್ದಿಲ್ಲಂತ!”

ಉದಗೀರದಲ್ಲಿರುವ ಮಗ ರೊಕ್ಕ ಕಳಿಸುತ್ತಾನೆಂದು ಬಂಡಮ್ಮ ಫೋನನ್ನು ಶೀತಲಳ ಕೈಗೆ ಕೊಟ್ಟಳು. ಮಗ ಕಳಿಸಿದ. ಶೀತಲ ಫೋನನ್ನು ವಾಪಸ್ ಕೊಡದೆ ಆ ಹಳೆಯ ಸಂದೇಶವನ್ನು ಹುಡುಕಿ ತೆಗೆದಳು. ಸಂಜೆ ಏಳು ಗಂಟೆ ಹನ್ನೆರಡು ಮಿನಿಟು.

ಹತ್ತು ಗಂಟೆಯೊಳಗೆ ಗೋದಾಮಿಗೆ ರೊಕ್ಕ ತುಂಬಿ, ಚೀಲ ಹೊತ್ತು ಮತ್ತೆ ಹೊರಟರು. ಎತ್ತರದ ಸುಮಿತ್ರಾಬಾಯಿಯ ಫೋನಿನಲ್ಲೂ ಅದೇ ದಿನ, ಅದೇ ಮಾತು. ಏಳು ಗಂಟೆ ಹದಿನಾಲ್ಕು ಮಿನಿಟು.

“ಬಂಡಮ್ಮನ ಮನಿಯಿಂದ ಇಲ್ಲಿಗಿ ಎಷ್ಟೊತ್ತು ಬೇಕು, ಅತ್ತಿ?”

“ಕುರಿ ಆದ್ರ ಅರ್ಧ ದಿನ. ನಿನ್ನ ಗಾಡಿ ಆದ್ರ ಇಪ್ಪತ್ತ ಮಿನಿಟು. ಯಾಕ?”

ಶೀತಲ ಫೋನಿನ ಫೋಟೋ ಹೊಡೆದುಕೊಂಡಳು. ಐದು ದಿನದಲ್ಲಿ ಇಪ್ಪತ್ತಾರು ಫೋಟೋ ಕೂಡಿದವು. ಮೊದಲನೆಯದು ಏಳು ಹತ್ತಕ್ಕೆ, ಕೊನೆಯದು ಏಳು ಹದಿನೆಂಟಕ್ಕೆ. ಏಳು ವಸ್ತಿ, ಎಂಟು ಮಿನಿಟು.

ಸಂಜೆ ಊಟಕ್ಕೆ ಕುಳಿತಾಗ ಮಲಕಮ್ಮ ಮಗನ ತಾಟಿಗೆ ಝುಣಕ ಹಾಕಲಿಲ್ಲ. ಬಟ್ಟಲು ಕೈಯಲ್ಲೇ ಹಿಡಿದಳು.

“ಆ ದಿನ ಏಳ ಗಂಟಿಗಿ ಎಲ್ಲಿದ್ದಿ?”

“ಗೋದಾಮಿನ್ಯಾಗ.”

“ಫೋನು?”

“ಶೇಟನ ಕೈಯಾಗ.” ಅಂಬಾದಾಸ ತಾಟನ್ನೇ ನೋಡುತ್ತಿದ್ದ. “ಮಳಿ ಹತ್ತಿ ನಾಕ ದಿನದ ಪಾರ್ಸಲ್ ಬಿದ್ದಿದ್ವು. ಅಂಗೈ ಚಾಚಿ ‘ತಾ, ನಾ ಮುಗಸ್ತೀನಿ’ ಅಂದ. ಕೊಟ್ಟೆ.”

“ಏನ್ ಮುಗಸ್ತಾನಂತ ಗೊತ್ತಿತ್ತು?”

“ಗೊತ್ತಿತ್ತು. ಕೊಡದಿದ್ರ ಮರದಿನ ಚೀಲ ತುಂಬತಿದ್ದಿಲ್ಲವ್ವಾ. ಎಲ್ಲಾರೂ ಕೊಡ್ತಾರ. ಬಾಳೂನೂ ಕೊಡ್ತಾನ.”

“ಇಷ್ಟ ದಿನಾ ನಮಗ್ಯಾಕ ಹೇಳಲಿಲ್ಲ?” ಎಂದಳು ಶೀತಲ. “ನಾ ಮನಿ ಮನಿ ಮುಂದ ನಿಂತ ಬೈಸ್ಕೊಂಡೀನಿ, ನಿಮ್ಮ ಹೆಸರಿಗಿ.”

ರೇವಣಸಿದ್ಧ ಗೋಡೆಗೆ ಒರಗಿಸಿದ್ದ ತನ್ನ ಕೋಲಿನ ಕಡೆ ಕೈ ತೋರಿಸಿದ. “ಇದನ್ನ ಯಾವತ್ತರ ಮಂದಿ ಕೈಯಾಗ ನೋಡೀ ಏನು?”

“ಇಲ್ಲಪ್ಪಾ.”

“ಉಣ್ಣು.”

ಮಲಕಮ್ಮ ಝುಣಕ ಬಡಿಸಿದಳು.

ಕಂಪನಿಯ ಲಾತೂರಿನ ಕಚೇರಿಯಿಂದ ತಿಂಗಳಿಗೊಮ್ಮೆ ತಪಾಸಣೆಗೆ ಬರುವ ಅಧಿಕಾರಿ ಜಯಮಾಲಾ. ಆಕೆ ಬರುವ ದಿನವನ್ನು ಬಾಳು ಮೊದಲೇ ತಿಳಿಸಿದ್ದ. ಅದು ಉಮರ್ಗಾದ ಸಂತೆಯ ದಿನವೂ ಆಗಿತ್ತು. ಮಲಕಮ್ಮ ವಸ್ತಿ ವಸ್ತಿಗೆ ಒಂದೇ ಮಾತು ಹೇಳಿ ಬಂದಿದ್ದಳು: “ಸಂತಿಗಿ ಬಂದಾಗ ಜರಾ ಗೋದಾಮಿಗಿ ಹಣಿಕಿ ಹಾಕಿ ಹೋಗ್ರಿ. ಫೋನ್ ಸಂಗಾಟ ಇರ್ಲಿ.”

ಹದಿನೆಂಟು ಹೆಂಗಸರು ಬಂದರು. ಬುಟ್ಟಿಯಲ್ಲಿ ಬದನೆಕಾಯಿ, ಕಂಕುಳಲ್ಲಿ ಕೂಸು, ಕೈಯಲ್ಲಿ ಫೋನು. ಗೋದಾಮಿನಲ್ಲಿ ಪಾರ್ಸಲ್‌ಗಳ ನಡುವೆ ನಿಲ್ಲಲು ಜಾಗವಿಲ್ಲದಾಯಿತು. ಅಂಬಾದಾಸನನ್ನು ಬಾಗಿಲಲ್ಲಿ ತಡೆಯಲು ಹೋದ ಕಾವಲುಗಾರ ಬಂಡಮ್ಮನನ್ನು ನೋಡಿ ಪಕ್ಕಕ್ಕೆ ಸರಿದ.

ಶೀತಲ ಇಪ್ಪತ್ತಾರು ಫೋಟೋಗಳನ್ನು ಒಂದೊಂದಾಗಿ ಜಯಮಾಲಾಳ ಮುಂದೆ ಸರಿಸಿದಳು. ಮಲಕಮ್ಮ ಹಿಂದಿನಿಂದ ಹೇಳಿದಳು: “ಮ್ಯಾಡಮ್, ನನ್ನ ಮಗ ಗಾಡಿ ಹೊಡೀತಾನ್ರಿ. ಹಾರಂಗಿಲ್ಲ.”

ಜಯಮಾಲಾ ತನ್ನ ಕಂಪ್ಯೂಟರು ತೆರೆದು ನೋಡಿದಳು. ಮೂವತ್ತೊಂದನ್ನೂ ಒಂದೇ ಜಾಗದಿಂದ ಹೊಡೆಯಲಾಗಿತ್ತು. ಆ ಜಾಗ ಈಗ ಅವರೆಲ್ಲ ನಿಂತಿದ್ದ ಜಾಗವೇ.

“ನಾ ಏನ್ ಮಾಡ್ಲಿ ಮ್ಯಾಡಮ್?” ಪಂಕಜಶೇಟನ ದನಿ ಏರಿತು. “ಗಡುವಿನ್ಯಾಗ ಹೋಗೀವಂತ ತೋರಸದಿದ್ರ ನೀವು ನನಗ ಪಾರ್ಸಲಿಗಿ ಐವತ್ತ ದಂಡ ಹಾಕ್ತೀರಿ. ನೀವು ಕೊಡೋ ರೊಕ್ಕದಾಗ ಹಳ್ಳದಾಚಿಗಿ ಒಂದ ಪಾರ್ಸಲ್ ಒಯ್ದ್ರ ಪೆಟ್ರೋಲೂ ಹುಟ್ಟಂಗಿಲ್ಲ.”

“ಅದು ಖರೆ ಅದರಿ” ಎಂದ ಅಂಬಾದಾಸ. ಎಲ್ಲರೂ ತಿರುಗಿ ನೋಡಿದರು. “ಪೆಟ್ರೋಲ್ ಹುಟ್ಟಂಗಿಲ್ಲ. ಫೋನ್ ಕೊಟ್ಟಾಂವ ನಾನೇ, ಅದು ನನ್ನ ತಪ್ಪು. ಒತ್ತಿದ ಬೆರಳು ಶೇಟಂದು. ಮತ್ತ ಅವರಿಗಿ ಹಂಗ ಒತ್ತಲಿಕ್ಕಿ ಹಚ್ಚಿದ ರೇಟು ನಿಮ್ದು. ಮೂರೂ ಬರ್ಕೋರಿ.”

ಆಮೇಲೆ ಬಾಳು ಮಾತಾಡಿದ. ಉಳಿದ ಹುಡುಗರೂ ಮಾತಾಡಿದರು. ಯಾರ ಫೋನು ಯಾವ ಸಂಜೆ ಶೇಟನ ಕೈಗೆ ಹೋಗಿತ್ತು ಎಲ್ಲ ಹೊರಗೆ ಬಂತು. ಸಂತೆ ಬಿಡುವ ಹೊತ್ತಿಗೆ ಜಯಮಾಲಾ ತೀರ್ಮಾನ ಹೇಳಿದಳು: ಅಂಬಾದಾಸನ ಐಡಿ ಆಗಲೇ ತೆರೆಯಿತು, ವಸ್ತಿಗಳಿಗೆ ದಿನ ಬಿಟ್ಟು ದಿನ, ಮಲಕಮ್ಮನ ಕುರಿದಾರಿಯಲ್ಲಿ ಒಂದೇ ಸುತ್ತು, ಹಳ್ಳದಾಚೆಯ ಪಾರ್ಸಲಿಗೆ ಎಂಟು ರೂಪಾಯಿ ಹೆಚ್ಚು.

ಬಂಡಮ್ಮ ಮಾತ್ರ ಕದಲಲಿಲ್ಲ. “ನಮ್ಮದು ಉಳೀತು. ಶೇಟಜಿ, ಆ ದಿನ ನಾವು ಎಲ್ಲಿದ್ವಿ?”

ಪಂಕಜಶೇಟ ಅತ್ತಿತ್ತ ನೋಡಿದ. “ಮನಿಯಾಗ ಇದ್ರಿ.”

“ಜೋರಾಗಿ ಹೇಳ್ರಿ, ಹಿಂದಿನವರಿಗಿ ಕೇಳ್ಸಿಲ್ಲ.”

“ಮನಿಯಾಗೇ ಇದ್ರಿ, ಮಾವಶಿ!”

ಹದಿನೆಂಟು ಹೆಂಗಸರ ನಗು ಸಂತೆಯವರೆಗೂ ಹೋಯಿತು.

ಮರುದಿನ ಅಮೃತಪ್ಪ ತಾನೇ ನಡೆದು ಬಂದು ಅಂಗಳದಲ್ಲಿ ನಿಂತ. “ರೇವಣಸಿದ್ಧಣ್ಣಾ, ಕುರಿ ತಗೊಂಡ ಬಾ. ಎರಡ ವಾರ ಕೂಡ್ಸು.” ರೇವಣಸಿದ್ಧ ಕೈಯಲ್ಲಿನ ರೊಟ್ಟಿಯನ್ನು ಹಂಚಿನ ಮೇಲೆ ಹಾಕಿ, “ಉಂಡ ಹೋಗು” ಎಂದ. ರೊಟ್ಟಿ ಗುಂಡಗಿತ್ತು. ಮಲಕಮ್ಮ ಅದನ್ನು ಎರಡು ಸಲ ತಿರುಗಿಸಿ ನೋಡಿದಳು. ಏನೂ ಅನ್ನಲು ಸಿಗಲಿಲ್ಲ.

ದಸರೆಯ ಹೊತ್ತಿಗೆ ಮನೆಯಲ್ಲಿ ಹೊಸ ಜಗಳ ಶುರುವಾಗಿತ್ತು: ಮಲಕಮ್ಮ ಯಾರ ಗಾಡಿಯ ಹಿಂದೆ ಕೂಡಬೇಕು? ಅಂಬಾದಾಸನ ಗಾಡಿ ದೊಡ್ಡದು. ಶೀತಲ ಹುಷಾರಾಗಿ ಹೊಡೆಯುತ್ತಾಳೆ. “ಒಂದ ಒಂದ ದಿನ ಒಬ್ಬೊಬ್ಬರ ಹಿಂದ” ಎಂದು ಮುದುಕಿಯೇ ತೀರ್ಪು ಕೊಟ್ಟಿದ್ದಳು.

ಒಂದು ದಿನ ಹಬ್ಬದ ಮಾರಾಟದ ಲಾರಿ ತಡವಾಗಿ, ಸಂಜೆ ಐದಕ್ಕೆ ಬಂತು. ವಸ್ತಿಗಳ ಪಾರ್ಸಲ್ಲೇ ನಲವತ್ತೆಂಟು. ಹೊರಗೆ ಮಳೆ ಹನಿಯುತ್ತಿತ್ತು, ವಸ್ತಿಯ ಸುತ್ತು ಇದ್ದದ್ದು ಮರುದಿನ. ಪಂಕಜಶೇಟ ಫೋನಿನಲ್ಲಿ “ಹಾಂ ಮ್ಯಾಡಮ್, ಹಾಂ ಮ್ಯಾಡಮ್” ಎನ್ನುತ್ತ ಬಂದು ಹುಡುಗರ ಮುಂದೆ ನಿಂತ.

“ನಾ ಹೇಳ್ಲಿಕತ್ತಿಲ್ಲ ನೋಡ್ರಪಾ. ಜಯಮಾಲಾ ಮ್ಯಾಡಮ್ಮೇ ಹೇಳ್ಯಾರ. ಹಬ್ಬದ ಪಾರ್ಸಲ್ ಯಾವ್ದೂ ಬಾಕಿ ಇಲ್ಲಂತ ಪುಣೆ ದೊಡ್ಡ ಆಫೀಸಿಗಿ ಇವತ್ತೇ ಲೆಕ್ಕ ಹೋಗ್ಬೇಕಂತ. ನಲವತ್ತೆಂಟಕ್ಕೂ ‘ಮನೆಯಲ್ಲಿಲ್ಲ’ ಹೊಡ್ದು ಬಿಡೋಣು. ಇದೊಂದ ಸಲ.” ಅವನು ಅಂಗೈ ಚಾಚಿದ. “ಅಂಬಾದಾಸ, ಫೋನ್ ಕೊಡು.”

ಬಾಳು ಹೆಗಲಿಗೆ ತೂಗುಹಾಕಿದ್ದ ಚೀಲ ಕೆಳಗಿಟ್ಟ. ಶೀತಲ ಗಂಡನನ್ನು ನೋಡಿದಳು. ಬಾಗಿಲಲ್ಲಿ ಮಳೆಗೆ ಸೆರಗು ಹೊದ್ದು ಮಲಕಮ್ಮ ನಿಂತಿದ್ದಳು.

ಅಂಬಾದಾಸ ಫೋನನ್ನು ಅಂಗಿಯ ಕಿಸೆಗೆ ಇಳಿಸಿ ಗುಂಡಿ ಹಾಕಿದ.

“ಐಡಿ ಹೋಗ್ತದ ಮತ್ತ” ಎಂದ ಶೇಟ.

“ಹೋಗ್ಲಿ. ಗಿರಾಕಿ ಮನಿಯಾಗ ಅದಾರ, ಶೇಟಜಿ. ಕೊಡಂಗಿಲ್ಲ.”